ಡೋಲು ಒಂದೇ ಹೊರಟರೆ ಮದ್ದಾಗದು

ಆಫ್ರಿಕಾದ ಡೋಲು, ಕುಣಿತ, ಹಿರಿಯರ ಆರಾಧನೆ ಮತ್ತು ಗುಣಪಡಿಸುವ ಆಚರಣೆಗಳನ್ನು ಹುಡುಕಿಕೊಂಡು ಹೋಗುವ ಆಧುನಿಕ ಮನುಷ್ಯರ ಸಂಖ್ಯೆ ಬೆಳೆಯುತ್ತಿದೆ. ಬುರ್ಕಿನಾ ಫಾಸೊ ದೇಶದ ದಗಾರಾ ಸಮುದಾಯದಲ್ಲಿ ಹುಟ್ಟಿದ ಮಾಲಿಡೋಮಾ ಸೊಮೆ ತಮ್ಮವರ ಆಚರಣೆಗಳನ್ನು ಅಮೆರಿಕದ ಜನರಿಗೆ ಕಲಿಸುವುದರಲ್ಲೇ ದಶಕಗಳನ್ನು ಕಳೆದು 2021ರಲ್ಲಿ ತೀರಿಕೊಂಡರು. ಸಹಾರಾ ಮರುಭೂಮಿಯ ದಕ್ಷಿಣದಿಂದ ಗುಲಾಮರಾಗಿ ಮೊರಾಕೊಗೆ ಬಂದವರ ವಂಶಸ್ಥರು ರೋಗಿಗಳಿಗಾಗಿ ರಾತ್ರಿಯಿಡೀ ನುಡಿಸುವ ಸಂಗೀತಕ್ಕೆ ಗ್ನಾವಾ ಎಂದು ಹೆಸರು. ಅದಕ್ಕಾಗಿ ಎಸ್ಸೌಯಿರಾ ಪಟ್ಟಣದಲ್ಲಿ 1998ರಲ್ಲಿ ಉತ್ಸವ ಶುರುವಾಯಿತು; 2019ರಲ್ಲಿ ಯುನೆಸ್ಕೊ ಗ್ನಾವಾವನ್ನು ಮನುಕುಲದ ಪರಂಪರೆಗಳ ಪಟ್ಟಿಗೆ ಸೇರಿಸಿತು. ಮಲಾವಿ ದೇಶದ ವಿಂಬುಝಾ ಎಂಬ ಗುಣಪಡಿಸುವ ಕುಣಿತ ಅದೇ ಪಟ್ಟಿಯಲ್ಲಿ 2008ರಿಂದಲೇ ಇದೆ.

ಇದೆಲ್ಲ ಸಮುದ್ರದಾಚೆಯ ಮಾತು ಎಂದು ಗುಜರಾತಿನ ವಡೋದರಾ ಬಳಿಯ ಕೊಯಾಲಿಯಲ್ಲಿ ಬದುಕುವ ಕನ್ನಡಿಗರು ಅಂದುಕೊಳ್ಳಬೇಕಿಲ್ಲ. 1965ರಲ್ಲಿ ಕೆಲಸ ಶುರುಮಾಡಿದ ಇಲ್ಲಿನ ತೈಲ ಶುದ್ಧೀಕರಣಾಗಾರದ ಸುತ್ತ ದೇಶದ ಎಲ್ಲ ಕಡೆಯ ಜನ ಬಂದು ನೆಲೆಸಿದ್ದಾರೆ. ಅವರಲ್ಲಿ ಯಾರೇ ಆಗಲಿ ದಕ್ಷಿಣಕ್ಕೆ ಹೊರಟು, ಭರೂಚ್ ಹತ್ತಿರ ನರ್ಮದೆಯನ್ನು ದಾಟಿ, ಝಗಡಿಯಾ ತಾಲೂಕಿನ ರತನಪುರದ ಗುಡ್ಡ ಹತ್ತಿದರೆ ಆಫ್ರಿಕಾದ ಒಂದು ಗುಣಪಡಿಸುವ ಪರಂಪರೆಯ ಎದುರಿಗೇ ನಿಲ್ಲುತ್ತಾರೆ. ಅಲ್ಲಿ ಬಾವಾ ಗೋರ್ ದರ್ಗಾ ಇದೆ. ಅದನ್ನು ನೋಡಿಕೊಳ್ಳುವವರು ಸಿದ್ದಿಗಳು. ನಮ್ಮ ಯಲ್ಲಾಪುರ, ಹಳಿಯಾಳ, ಮುಂಡಗೋಡದ ಕಾಡಂಚಿನಲ್ಲಿ ಬದುಕುವ ಸಿದ್ದಿಗಳಂತೆಯೇ ಇವರ ಮೂಲವೂ ಆಫ್ರಿಕಾ.

ಇಂಥ ಪರಂಪರೆಯನ್ನು ಜಗತ್ತಿನೊಂದಿಗೆ ಹಂಚಿಕೊಳ್ಳಬೇಕೇ ಎಂದು ಕೇಳಿದರೆ ಬೇಕು ಎಂದೇ ನನ್ನ ಉತ್ತರ. ಆದರೆ ಡೋಲಿನ ಜೊತೆ ಏನೇನು ಹೊರಡಬೇಕು, ಹಂಚಿದ್ದರ ಫಲ ಯಾರ ಮನೆ ಸೇರಬೇಕು ಎಂಬುದನ್ನು ತೀರ್ಮಾನಿಸದೆ ಹಂಚಿದರೆ ಕೊಟ್ಟವರಿಗೂ ನಷ್ಟ, ಪಡೆದವರಿಗೂ ನಷ್ಟ. ರತನಪುರವನ್ನು ನೋಡಿದರೆ ಇದು ಸ್ಪಷ್ಟವಾಗುತ್ತದೆ.

ಬಾವಾ ಗೋರ್ ಆಫ್ರಿಕಾದಿಂದ ಬಂದ ಸಂತ ಎಂಬುದು ಭಕ್ತರ ನಂಬಿಕೆ. ಅವರ ಮೂಲ ಹೆಸರು ಸಿದಿ ಮುಬಾರಕ್ ನೋಬಿ ಎನ್ನುತ್ತಾರೆ. ತಮ್ಮ ಬಾವಾ ಹಬಶ್, ತಂಗಿ ಮಾಯಿ ಮಿಶ್ರಾ ಜೊತೆಗೆ ಬಂದರು. ಆ ಗುಡ್ಡದಲ್ಲಿ ಜನರನ್ನು ಕಾಡುತ್ತಿದ್ದ ರಾಕ್ಷಸಿಯನ್ನು ಅಣ್ಣಂದಿರಿಗಿಂತ ಮಿಗಿಲಾಗಿ ತಂಗಿಯೇ ಅಡಗಿಸಿದಳು ಎಂಬ ಕಥೆಯೂ ಇದೆ. ರತನಪುರದ ನೆಲದಲ್ಲಿ ಅಕೀಕ್ (ಅಗೇಟ್) ಕಲ್ಲು ಸಿಗುತ್ತದೆ. ಅದನ್ನು ಖಂಭಾತಿಗೆ ಒಯ್ದು, ಮಣಿ ಕೊರೆದು, ಹಡಗಿನಲ್ಲಿ ಪೂರ್ವ ಆಫ್ರಿಕಾದ ಕರಾವಳಿಗೆ ಕಳಿಸುವ ವ್ಯಾಪಾರ ಶತಮಾನಗಳ ಕಾಲ ನಡೆಯಿತು. ಬಾವಾ ಗೋರ್ ಈ ಅಕೀಕಿನ ಕಸುಬಿಗೂ ಹಿರಿಯ ಎಂದು ಜನ ನೆನೆಯುತ್ತಾರೆ.

ಸಿದ್ದಿಗಳ ಪೂರ್ವಿಕರು ಒಂದೇ ದಾರಿಯಿಂದ, ಒಂದೇ ಕಾಲದಲ್ಲಿ ಬಂದವರಲ್ಲ. ಕೆಲವರು ಸುಲ್ತಾನರ ಸೈನ್ಯದಲ್ಲಿ ಅಧಿಕಾರಿಗಳಾದರು. ಅಹಮದಾಬಾದಿನ ಗುರುತೇ ಆಗಿಬಿಟ್ಟಿರುವ ಮರದ ಚಿತ್ರ ಕೆತ್ತಿದ ಕಲ್ಲಿನ ಜಾಲಿ ಇರುವ ಮಸೀದಿಯನ್ನು 1572–73ರಲ್ಲಿ ಕಟ್ಟಿಸಿದ ಸಿದಿ ಸೈಯದ್ ಇಥಿಯೋಪಿಯಾ ಕಡೆಯವನು. ಇನ್ನೆಷ್ಟೋ ಜನರನ್ನು ಅರಬ್ ಮತ್ತು ಪೋರ್ಚುಗೀಸ್ ವ್ಯಾಪಾರಿಗಳು ಗುಲಾಮರಾಗಿ ತಂದು ದಿಯು, ದಮನ್, ಗೋವಾಗಳಲ್ಲಿ ಮಾರಿದರು. ಗೋವಾದಿಂದ ತಪ್ಪಿಸಿಕೊಂಡವರು ಘಟ್ಟ ಹತ್ತಿ ಉತ್ತರ ಕನ್ನಡದ ಕಾಡು ಸೇರಿಕೊಂಡರು. 2011ರಲ್ಲಿ ಪ್ರಕಟವಾದ ವಂಶವಾಹಿ ಅಧ್ಯಯನವೊಂದು ಸಿದ್ದಿಗಳ ಪೂರ್ವಿಕತೆಯಲ್ಲಿ ಶೇ 60ರಿಂದ 75ರಷ್ಟು ಪಾಲು ಬಂಟು ಭಾಷೆಗಳನ್ನಾಡುವ ಆಫ್ರಿಕನ್ನರದ್ದು ಎಂದು ತೋರಿಸಿತು.

ಊರು, ನುಡಿ, ಹೆಸರು ಎಲ್ಲವನ್ನೂ ಕಳೆದುಕೊಂಡ ಈ ಜನ ಉಳಿಸಿಕೊಂಡದ್ದು ಡೋಲು. ಗುಜರಾತಿನ ಸಿದ್ದಿಗಳು ತಮ್ಮ ಕುಣಿತವನ್ನು ಗೋಮಾ ಅಥವಾ ಧಮಾಲ್ ಎನ್ನುತ್ತಾರೆ. ನೆಲದ ಮೇಲೆ ಕಾಲೂರಿ ನಿಲ್ಲುವ ಮುಗರ್ಮಾನ್ ಡೋಲು, ಕೊರಳಿಗೆ ಹಾಕಿಕೊಂಡು ಬಾರಿಸುವ ಮುಸಿಂದೊ, ಸೋರೆಬುರುಡೆ ಕಟ್ಟಿದ ಬಿಲ್ಲಿನಂಥ ಮಲುಂಗಾ, ತೆಂಗಿನ ಕರಟದ ಗಿಲಕಿ ಅವರ ವಾದ್ಯಗಳು. ಆ ಗಿಲಕಿಗೆ ಮಾಯಿ ಮಿಶ್ರಾಳ ಹೆಸರನ್ನೇ ಇಟ್ಟಿದ್ದಾರೆ. ಮಧ್ಯ ಮತ್ತು ದಕ್ಷಿಣ ಆಫ್ರಿಕಾದ ಬಂಟು ಭಾಷೆಗಳಲ್ಲಿ ಡೋಲಿಗೂ, ಡೋಲಿನ ಸುತ್ತ ನಡೆಯುವ ಗುಣಪಡಿಸುವ ಕೂಟಕ್ಕೂ ‘ಎನ್‌ಗೋಮಾ’ ಎಂಬ ಒಂದೇ ಹೆಸರಿದೆ. ಗುಜರಾತಿನ ಗೋಮಾ ಆ ಕುಲದ್ದೇ.

ಈ ಗುಡ್ಡಕ್ಕೆ ಬರುವವರಲ್ಲಿ ಮುಸ್ಲಿಮರಿದ್ದಾರೆ, ಹಿಂದೂಗಳಿದ್ದಾರೆ, ಸುತ್ತಲಿನ ಭಿಲ್ಲರಿದ್ದಾರೆ, ಪಾರ್ಸಿಗಳೂ ಇದ್ದಾರೆ. ಮಕ್ಕಳಾಗದವರು ಮಾಯಿ ಮಿಶ್ರಾಳ ಮುಂದೆ ಹರಕೆ ಹೊರುತ್ತಾರೆ. ಅವಳಿಗೆ ಕಿಚಡಿ ಎಂದರೆ ಪ್ರೀತಿ. ಗಾಳಿ ಸೋಕಿದೆ, ಮಾಟ ತಗುಲಿದೆ ಎಂದು ಮನೆಯವರು ಕರೆತಂದವರು ದಿನಗಟ್ಟಲೆ, ಕೆಲವೊಮ್ಮೆ ವಾರಗಟ್ಟಲೆ ಅಲ್ಲೇ ತಂಗುತ್ತಾರೆ. ಸಂಜೆ ಲೋಬಾನದ ಹೊಗೆ ಏಳುತ್ತದೆ, ಡೋಲು ಮೊಳಗುತ್ತದೆ. ರೋಗಿಯ ಮೈಮೇಲೆ ಬಂದದ್ದು ಬಾಯಿಬಿಟ್ಟು ಮಾತನಾಡುವುದಕ್ಕೆ ‘ಹಾಜ್ರಿ’ ಎನ್ನುತ್ತಾರೆ. ಸಂತನ ಎದುರಿನಲ್ಲಿ ಅದು ತಾನು ಯಾರು, ಯಾಕೆ ಬಂದೆ, ಏನು ಬೇಕು ಎಂದು ಹೇಳಲೇಬೇಕು. ಸಿದ್ದಿಗಳ ಮೈಮೇಲೆ ಸಂತರೇ ಬರುವುದು ಬೇರೆ; ಅದಕ್ಕೆ ‘ಹಾಲ್’ ಎಂದು ಹೆಸರು. ಹಾಜ್ರಿಯಲ್ಲಿ ಸಂಕಟ ಮಾತಾಡುತ್ತದೆ, ಹಾಲ್‌ನಲ್ಲಿ ಕೃಪೆ ಕುಣಿಯುತ್ತದೆ.

ಜರ್ಮನಿಯ ಮಾನವಶಾಸ್ತ್ರಜ್ಞೆ ಹೆಲೆನ್ ಬಾಸು ಗುಜರಾತಿನ ಸಿದ್ದಿಗಳ ನಡುವೆ ವರ್ಷಗಟ್ಟಲೆ ಕೆಲಸ ಮಾಡಿದವರು. ಈ ದರ್ಗಾಗಳಲ್ಲಿ ಅವರ ಗಮನ ಸೆಳೆದದ್ದು ನಗು ಮತ್ತು ಸಡಗರ. ಸಿದ್ದಿ ಫಕೀರರು ಭಕ್ತರೊಂದಿಗೆ ತಮಾಷೆ ಮಾಡುತ್ತಾರೆ, ಕುಣಿತದಲ್ಲಿ ಮುಖ ಕಿವಿಚಿ ನಗಿಸುತ್ತಾರೆ, ಮೌಜ್-ಮಸ್ತಿಯನ್ನೇ ಭಕ್ತಿಯಾಗಿ ಮಾಡಿಕೊಂಡಿದ್ದಾರೆ. ಅಳುತ್ತ ಬಂದ ಮನೆಮಂದಿಗೆ ಇದು ಸಣ್ಣ ವಿಷಯವಲ್ಲ. ವರ್ಷಗಟ್ಟಲೆ ಕಾಯಿಲೆಯ ಹುಡುಗಿಯನ್ನು ಕಂಡು ಮುಖ ತಿರುಗಿಸುವ ನೆರೆಹೊರೆಯಿಂದ ಬಂದವರಿಗೆ, ಅವಳ ಮುಂದೆ ಕೂತು ನಗುನಗುತ್ತ ಮಾತಾಡಿಸುವ ಜನ ಸಿಗುತ್ತಾರೆ.

ಇಂಥ ಕಡೆ ಗುಣವಾಗುವುದು ಹೇಗೆ ಎಂಬ ಪ್ರಶ್ನೆಗೆ ಒಳ್ಳೆಯ ಉತ್ತರ ಕೊಟ್ಟದ್ದು ಆಫ್ರಿಕಾವೇ. ವಿಕ್ಟರ್ ಟರ್ನರ್ ಎಂಬ ಬ್ರಿಟಿಷ್ ವಿದ್ವಾಂಸರು 1950ರ ದಶಕದ ಮೊದಲ ವರ್ಷಗಳಲ್ಲಿ ಈಗಿನ ಜಾಂಬಿಯಾದ ಎನ್‌ಡೆಂಬು ಜನರ ಹಳ್ಳಿಗಳಲ್ಲಿ ಇದ್ದರು. ಅಲ್ಲಿ ಒಬ್ಬರಿಗೆ ಕಾಯಿಲೆ ಬಂದರೆ, ಮರೆತುಹೋದ ಹಿರಿಯರು ಮುನಿದಿದ್ದಾರೆ ಎಂದು ಡೋಲಿನ ಕೂಟ ಸೇರುತ್ತಿತ್ತು. ಆ ಕೂಟದಲ್ಲಿ ರೋಗಿಯ ಜೊತೆಗೆ ಊರಿನ ಹಳೆಯ ಜಗಳಗಳು, ಒಳಗೇ ಇಟ್ಟುಕೊಂಡ ಹಗೆತನಗಳು ಒಂದೊಂದಾಗಿ ಹೊರಬೀಳುತ್ತಿದ್ದವು. ರೋಗಿಯ ಮೈ ಹಗುರವಾಗಬೇಕಾದರೆ ಎಲ್ಲರೂ ತಮ್ಮ ತಮ್ಮ ಮನಸ್ಸಿನಲ್ಲಿದ್ದದ್ದನ್ನು ಹೇಳಿಕೊಳ್ಳಬೇಕಿತ್ತು. ಗುಣವಾದವರು ಆ ಕೂಟದ ಸದಸ್ಯರಾಗಿ, ಮುಂದೆ ಅದೇ ಕಾಯಿಲೆಯ ಇನ್ನೊಬ್ಬರಿಗೆ ನೆರವಾಗುತ್ತಿದ್ದರು. ಎನ್‌ಗೋಮಾ ಕೂಟಗಳನ್ನು ಹಲವು ದೇಶಗಳಲ್ಲಿ ಹೋಲಿಸಿ ನೋಡಿದ ಜಾನ್ ಜಾನ್ಜೆನ್ 1992ರ ತಮ್ಮ ಗ್ರಂಥದಲ್ಲಿ ಇದೇ ಕ್ರಮವನ್ನು ಗುರುತಿಸಿದರು. ಸಂಕಟ ಅನುಭವಿಸಿದವರೇ ವೈದ್ಯರಾಗುತ್ತಾರೆ, ರೋಗಿಗೆ ಒಂದು ಬಳಗ ಸಿಗುತ್ತದೆ.

ಇದನ್ನು ಕನ್ನಡ ಓದುಗರಿಗೆ ಹೆಚ್ಚು ಬಿಡಿಸಿ ಹೇಳಬೇಕಿಲ್ಲ. ಮೈದುಂಬಿದ ಪೂಜಾರಿಯ ಮುಂದೆ ದಾಯಾದಿಗಳ ಜಗಳ ತೀರುವುದು, ನೇಮದ ಅಂಗಳದಲ್ಲಿ ದೈವ ಮನೆಯ ಯಜಮಾನನಿಗೇ ಬುದ್ಧಿ ಹೇಳುವುದು ನಮ್ಮ ಕರಾವಳಿಯಲ್ಲೂ ಬಯಲುಸೀಮೆಯಲ್ಲೂ ಇಂದಿಗೂ ಉಂಟು. ಅತ್ತೆಮನೆಯಲ್ಲಿ ಬಾಯಿಬಿಡಲಾಗದ ಸೊಸೆಯ ನೋವು, ಮೈಮೇಲೆ ಬಂದ ದೇವರ ಬಾಯಲ್ಲಿ ಹೊರಬಂದಾಗ ಮನೆಯವರು ತಲೆಬಾಗಿ ಕೇಳುತ್ತಾರೆ. ಬಾಯಿಲ್ಲದವರಿಗೆ ಅಲ್ಲಿ ಬಾಯಿ ಬರುತ್ತದೆ, ಕೇಳಲು ಜನ ಇರುತ್ತಾರೆ. ಡೋಲಿನ ಹೊಡೆತ ಅದಕ್ಕೆ ದಾರಿ ಮಾಡಿಕೊಡುತ್ತದೆ.

ಈಗ ಹಂಚಿಕೊಳ್ಳುವ ಮಾತಿಗೆ ಬರೋಣ. ಈ ಶತಮಾನದ ಮೊದಲ ದಶಕದಲ್ಲಿ ಗುಜರಾತಿನ ಸಿದ್ದಿ ಗೋಮಾ ತಂಡ ಬ್ರಿಟನ್, ಅಮೆರಿಕ, ಪೂರ್ವ ಆಫ್ರಿಕಾದ ವೇದಿಕೆಗಳಲ್ಲಿ ಕುಣಿಯಿತು. ಅದರ ಹಿಂದೆ ಸಂಗೀತಶಾಸ್ತ್ರಜ್ಞರಾದ ಏಮಿ ಕ್ಯಾಟ್ಲಿನ್ ಮತ್ತು ನಜೀರ್ ಜೈರಾಜ್‌ಭಾಯ್ ದಂಪತಿಯ ದುಡಿಮೆ ದೊಡ್ಡದು. ಪೂರ್ವಿಕರನ್ನು ಸಂಕೋಲೆ ಹಾಕಿ ಒಯ್ದ ಕಡಲನ್ನು ಅವರ ಮೊಮ್ಮಕ್ಕಳ ಮೊಮ್ಮಕ್ಕಳು ಕಲಾವಿದರಾಗಿ, ತಮ್ಮದೇ ಡೋಲು ಹೊತ್ತು ಮತ್ತೆ ದಾಟಿದರು ಎಂಬುದನ್ನು ನೆನೆದರೆ ನನಗೆ ಅಪಾರ ಹೆಮ್ಮೆ. ಬೇರೆಡೆ ಸಿದ್ದಿಗಳನ್ನು ಕಂಡು ಕರಿಯರು ಎಂದು ಹೀಗಳೆಯುವ ಸಮಾಜದಲ್ಲಿ, ಆ ಚಪ್ಪಾಳೆ ಅವರಿಗೆ ತಲೆಯೆತ್ತಿ ನಿಲ್ಲುವ ಬಲ ಕೊಟ್ಟಿದೆ.

ಆದರೆ ವೇದಿಕೆಯ ಮೇಲೆ ಹೋದದ್ದು ಗೋಮಾದ ಒಂದು ಭಾಗ ಮಾತ್ರ. ತಲೆಯ ಮೇಲೆಸೆದ ತೆಂಗಿನಕಾಯಿ ಬೀಳುವಾಗ ಹಣೆಗೆ ಬಡಿದು ಒಡೆಯುವುದು, ನವಿಲುಗರಿಯ ಉಡುಗೆ, ಬೆಂಕಿಯ ಬಳಿಯ ಕುಣಿತ ಕಣ್ಣು ಸೆಳೆಯುತ್ತವೆ, ಒಂದು ಗಂಟೆಯ ಕಾರ್ಯಕ್ರಮಕ್ಕೆ ಹೊಂದುತ್ತವೆ. ವಾರಗಟ್ಟಲೆ ಒಬ್ಬ ರೋಗಿಯ ಪಕ್ಕ ಕೂರುವುದು, ಹಾಜ್ರಿಯ ನಂತರ ಮನೆಯವರೊಂದಿಗೆ ನಡೆಯುವ ಮಾತುಕತೆ, ಗುಣವಾದವರು ಪ್ರತಿ ಉರುಸಿಗೂ ಮರಳಿ ಬರುವ ಬಂಧ, ಇವು ವೇದಿಕೆ ಹತ್ತುವುದಿಲ್ಲ. ಯಾರಾದರೂ ಆ ತಾಳವನ್ನಷ್ಟೇ ಕಲಿತು, ಬೇರೆ ದೇಶದ ಒಂದು ಸಭಾಂಗಣದಲ್ಲಿ ಪರಸ್ಪರ ಪರಿಚಯವಿಲ್ಲದ ಇಪ್ಪತ್ತು ಜನರಿಗೆ ವಾರಾಂತ್ಯದ ಶಿಬಿರ ನಡೆಸಿದರೆ ಅಲ್ಲಿ ಡೋಲು ಇರುತ್ತದೆ, ಬಳಗ ಇರುವುದಿಲ್ಲ. ಬಳಗವಿಲ್ಲದ ಕಡೆ ಎದ್ದ ಸಂಕಟವನ್ನು ಮರುದಿನ ಹಿಡಿದುಕೊಳ್ಳುವವರೂ ಇರುವುದಿಲ್ಲ. ಇದು ಅಪಾಯದ ಕೆಲಸ.

ಮನೆಯೊಳಗೂ ಅಪಾಯ ಇದೆ. ನಂಬಿಕೆಯ ಹೆಸರಿನಲ್ಲಿ ಕಾಯಿಲೆಯವರನ್ನು ಹಿಂಸಿಸಿದ ಉದಾಹರಣೆಗಳು ನಮ್ಮ ದೇಶದಲ್ಲಿ ಕಡಿಮೆಯಿಲ್ಲ. ತಮಿಳುನಾಡಿನ ಎರವಾಡಿಯ ದರ್ಗಾದ ಸುತ್ತ ಖಾಸಗಿ ಆಶ್ರಯ ಶೆಡ್‌ಗಳು ಬೆಳೆದಿದ್ದವು. 2001ರ ಆಗಸ್ಟ್ 6ರ ನಸುಕಿನಲ್ಲಿ ಅವುಗಳಲ್ಲೊಂದಕ್ಕೆ ಬೆಂಕಿ ಬಿದ್ದು, ಸರಪಳಿಯಲ್ಲಿ ಕಟ್ಟಿಹಾಕಿದ್ದ ಮಾನಸಿಕ ರೋಗಿಗಳು ಓಡಲಾರದೆ 28 ಜನ ಸತ್ತರು. 2017ರ ಮಾನಸಿಕ ಆರೋಗ್ಯ ಕಾಯ್ದೆ ಯಾವ ರೀತಿಯಲ್ಲೂ ರೋಗಿಯನ್ನು ಸರಪಳಿಯಲ್ಲಿ ಕಟ್ಟುವಂತಿಲ್ಲ ಎನ್ನುತ್ತದೆ. ದೆವ್ವ ಬಿಡಿಸುವ ಹೆಸರಿನಲ್ಲಿ ಹೊಡೆಯುವುದನ್ನು ಅಪರಾಧವೆಂದು ಕರ್ನಾಟಕ 2017ರಲ್ಲಿ ಕಾನೂನು ಮಾಡಿತು, ಗುಜರಾತ್ 2024ರಲ್ಲಿ ಮಾಡಿತು. ಪರಂಪರೆಯನ್ನು ಪ್ರೀತಿಸುವವರು ಈ ಕಾನೂನುಗಳನ್ನು ತಮ್ಮ ವಿರೋಧಿ ಎಂದು ಭಾವಿಸಬಾರದು. ಹೊಡೆತ, ಸರಪಳಿ, ಉಪವಾಸ ಯಾವ ಸಂತನ ಕೃಪೆಯ ಭಾಗವೂ ಅಲ್ಲ.

ಹಾಗೆಂದು ದರ್ಗಾ, ಗುಡಿಗಳಿಗೆ ಬೀಗ ಹಾಕಿದರೆ ಪರಿಹಾರವಾಗುತ್ತದೆಯೇ? ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯ ನೇತೃತ್ವದಲ್ಲಿ 2015–16ರಲ್ಲಿ ನಡೆದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆ, ಮಾನಸಿಕ ಕಾಯಿಲೆ ಇರುವವರಲ್ಲಿ ಶೇ 70ಕ್ಕೂ ಹೆಚ್ಚು ಜನರಿಗೆ ಚಿಕಿತ್ಸೆಯೇ ಸಿಗುತ್ತಿಲ್ಲ ಎಂದು ತೋರಿಸಿತು. ವೈದ್ಯರು ತಲುಪದ ಕಡೆ ಮುಜಾವರರು, ಪೂಜಾರಿಗಳು ಈಗಾಗಲೇ ಇದ್ದಾರೆ. ನಿಮ್ಹಾನ್ಸ್‌ನ ರಘುರಾಮ್ ಮತ್ತು ಸಂಗಡಿಗರು ತಮಿಳುನಾಡಿನ ಮುತ್ತುಸ್ವಾಮಿ ಗುಡಿಯಲ್ಲಿ ತಂಗಿದ್ದ ತೀವ್ರ ಮಾನಸಿಕ ಕಾಯಿಲೆಯ 31 ಜನರನ್ನು ಅಧ್ಯಯನ ಮಾಡಿ 2002ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ನಲ್ಲಿ ವರದಿ ಮಾಡಿದರು. ಸರಾಸರಿ ಆರು ವಾರ ಅಲ್ಲಿದ್ದವರ ರೋಗಲಕ್ಷಣದ ಅಂಕಗಳು ಸುಮಾರು ಶೇ 20ರಷ್ಟು ಇಳಿದಿದ್ದವು. ಅಲ್ಲಿ ವಿಶೇಷ ಮಂತ್ರ-ತಂತ್ರ ಏನೂ ಇರಲಿಲ್ಲ. ಮನೆಯ ಒಬ್ಬರು ಜೊತೆಗಿರುತ್ತಿದ್ದರು, ಕೈಲಾದ ಸಣ್ಣಪುಟ್ಟ ಕೆಲಸ ಇರುತ್ತಿತ್ತು, ಹೀಯಾಳಿಸುವವರು ಇರಲಿಲ್ಲ. ಸಣ್ಣ ಅಧ್ಯಯನವೇ ಆದರೂ ಅದು ಹೇಳುವ ಮಾತು ಟರ್ನರ್ ಜಾಂಬಿಯಾದಲ್ಲಿ ಕಂಡದ್ದಕ್ಕೆ ಹತ್ತಿರವಿದೆ.

ದರ್ಗಾ-ಗುಡಿಗಳ ಆಸರೆ, ವೈದ್ಯರ ಚಿಕಿತ್ಸೆ ಎರಡನ್ನೂ ಸೇರಿಸುವ ದಾರಿಯನ್ನು ಗುಜರಾತ್ ತೋರಿಸಿದೆ. ಅಹಮದಾಬಾದಿನಿಂದ ಉತ್ತರಕ್ಕೆ, ಮೆಹ್ಸಾಣಾ ಜಿಲ್ಲೆಯ ಉನಾವಾದಲ್ಲಿ ಮೀರಾ ದಾತಾರ್ ದರ್ಗಾ ಇದೆ. ಹಾಜ್ರಿಗೆ ಹೆಸರಾದ ಆ ದರ್ಗಾಕ್ಕೆ ದೇಶದ ಮೂಲೆಮೂಲೆಯಿಂದ ಕಾಯಿಲೆಯವರು ಬರುತ್ತಾರೆ. 2008ರಲ್ಲಿ ರಾಜ್ಯ ಸರ್ಕಾರದ ಬೆಂಬಲದಿಂದ, ಆಲ್ಟ್ರೂಯಿಸ್ಟ್ ಎಂಬ ಸ್ವಯಂಸೇವಾ ಸಂಸ್ಥೆಯ ಮೂಲಕ ಅಲ್ಲಿ ‘ದವಾ ಔರ್ ದುವಾ’ ಎಂಬ ಕಾರ್ಯಕ್ರಮ ಶುರುವಾಯಿತು. ಮನೋವೈದ್ಯರು ದರ್ಗಾದ ಆವರಣಕ್ಕೇ ಬಂದು ಕೂರುತ್ತಾರೆ. ಕಾಯಿಲೆಯ ಲಕ್ಷಣಗಳನ್ನು ಗುರುತಿಸಲು ಮುಜಾವರರಿಗೆ ತರಬೇತಿ ಸಿಗುತ್ತದೆ. ಪ್ರಾರ್ಥನೆ ಮಾಡಿಸಿದ ಮುಜಾವರರೇ, ಇನ್ನು ಆ ಕೋಣೆಗೆ ಹೋಗಿ ಡಾಕ್ಟರಿಗೂ ತೋರಿಸಿಕೊಳ್ಳಿ ಎಂದು ಕಳಿಸುತ್ತಾರೆ. ಡಾಕ್ಟರು ಪ್ರಾರ್ಥನೆ ಬಿಡಿ ಎನ್ನುವುದಿಲ್ಲ, ಮುಜಾವರರು ಮಾತ್ರೆ ಬಿಡಿ ಎನ್ನುವುದಿಲ್ಲ. ರೋಗಿ ಎರಡರಲ್ಲಿ ಒಂದನ್ನು ಆರಿಸಿಕೊಳ್ಳಬೇಕಾದ ಇಕ್ಕಟ್ಟು ತಪ್ಪುತ್ತದೆ.

ಈ ದಾರಿಯನ್ನು ಮೊದಲು ತುಳಿದವರಲ್ಲಿ ಆಫ್ರಿಕಾದ ವೈದ್ಯರೇ ಪ್ರಮುಖರು. ನೈಜೀರಿಯಾದ ಥಾಮಸ್ ಅಡೆಯೊಯೆ ಲಾಂಬೊ 1954ರಲ್ಲಿ ಅಬೆಯೊಕುಟಾ ಬಳಿಯ ಆರೊ ಆಸ್ಪತ್ರೆಯ ರೋಗಿಗಳನ್ನು ಸುತ್ತಲಿನ ಹಳ್ಳಿಗಳ ಮನೆಗಳಲ್ಲಿ ಇರಿಸಿದರು. ಮನೆಯ ಒಬ್ಬರು ಜೊತೆಗಿರಬೇಕು ಎಂಬುದು ನಿಯಮ. ಹಗಲು ಆಸ್ಪತ್ರೆಯ ಚಿಕಿತ್ಸೆ, ಉಳಿದ ಹೊತ್ತು ಊರಿನ ಬದುಕು. ಸ್ಥಳೀಯ ನಾಟಿ ವೈದ್ಯರನ್ನೂ ಅವರು ಜೊತೆಗೆ ಸೇರಿಸಿಕೊಂಡರು. ಮುಂದೆ ಲಾಂಬೊ ವಿಶ್ವ ಆರೋಗ್ಯ ಸಂಸ್ಥೆಯ ಉಪ ಮಹಾನಿರ್ದೇಶಕರಾದರು. ಅದೇ ದಶಕದಲ್ಲಿ ನಮ್ಮ ಅಮೃತಸರದ ಮಾನಸಿಕ ಆಸ್ಪತ್ರೆಯಲ್ಲಿ ಡಾ. ವಿದ್ಯಾಸಾಗರ್ ಅಂಗಳದಲ್ಲಿ ಡೇರೆ ಹಾಕಿಸಿ ರೋಗಿಗಳ ಮನೆಯವರನ್ನು ಉಳಿಸಿಕೊಂಡರು. ಒಳ್ಳೆಯ ವೈದ್ಯರು ಬೇರೆ ಬೇರೆ ನೆಲದಲ್ಲಿ ಒಂದೇ ಸತ್ಯವನ್ನು ಕಂಡುಕೊಂಡಿದ್ದರು.

ಇತ್ತೀಚಿನ ಉದಾಹರಣೆ ಜಿಂಬಾಬ್ವೆಯದು. ಹತ್ತಾರು ಲಕ್ಷ ಜನಕ್ಕೆ ಬೆರಳೆಣಿಕೆಯ ಮನೋವೈದ್ಯರಿದ್ದ ಆ ದೇಶದಲ್ಲಿ ಡಾ. ಡಿಕ್ಸನ್ ಚಿಬಾಂಡಾ 2006ರಲ್ಲಿ ಹರಾರೆಯ ಎಂಬಾರೆ ಬಡಾವಣೆಯ 14 ಅಜ್ಜಿಯರಿಗೆ ತರಬೇತಿ ಕೊಟ್ಟರು. ಆರೋಗ್ಯ ಕೇಂದ್ರದ ಹೊರಗೆ, ಮರದ ಬೆಂಚಿನ ಮೇಲೆ ಅಜ್ಜಿ ಕೂರುತ್ತಾರೆ. ಮನಸ್ಸು ಭಾರವಾದವರು ಪಕ್ಕದಲ್ಲಿ ಕೂತು ಹೇಳಿಕೊಳ್ಳುತ್ತಾರೆ. ಅಜ್ಜಿ ಕೇಳುತ್ತಾರೆ, ಹಲವು ತೊಂದರೆಗಳಲ್ಲಿ ಮೊದಲು ಬಿಡಿಸಬೇಕಾದ ಒಂದನ್ನು ಆರಿಸಲು ನೆರವಾಗುತ್ತಾರೆ. ಖಿನ್ನತೆಗೆ ಇಂಗ್ಲಿಷಿನ ಹೆಸರು ಬಳಸದೆ, ಶೋನಾ ಜನ ತಾವೇ ಹೇಳುವಂತೆ ‘ಕುಫುಂಗಿಸಿಸಾ’, ಅಂದರೆ ಅತಿಯಾಗಿ ಯೋಚಿಸುವುದು, ಎನ್ನುತ್ತಾರೆ. 573 ಜನರ ಮೇಲೆ ನಡೆದ ಪರೀಕ್ಷೆಯಲ್ಲಿ ಇದು ಮಾಮೂಲಿ ಆರೈಕೆಗಿಂತ ಹೆಚ್ಚು ಫಲ ಕೊಟ್ಟದ್ದು 2016ರಲ್ಲಿ ಪ್ರಕಟವಾಯಿತು. ಈಗ ಆ ಬೆಂಚು ಬೇರೆ ದೇಶಗಳಿಗೂ ಹೋಗಿದೆ. ಹಿರಿಯರ ಬಳಿ ಕೂತು ನೋವು ಹೇಳಿಕೊಳ್ಳುವ ಹಳೆಯ ರೂಢಿಯನ್ನು ಅದರ ಒಡೆಯರೇ ಕೈಯಲ್ಲಿ ಹಿಡಿದು, ಪರೀಕ್ಷೆಗೂ ಒಡ್ಡಿ ಜಗತ್ತಿಗೆ ಕೊಟ್ಟರು. ನಾನು ಹೇಳುವ ಹಂಚಿಕೆಗೆ ಇದಕ್ಕಿಂತ ಒಳ್ಳೆಯ ಮಾದರಿ ಇಲ್ಲ.

ಇನ್ನು ಫಲದ ಮಾತು. ಗಿಡಮೂಲಿಕೆಯ ವಿಷಯದಲ್ಲಿ ಜಗತ್ತು ಹೋರಾಡಿ ಒಂದಿಷ್ಟು ನ್ಯಾಯವನ್ನು ಕಟ್ಟಿಕೊಂಡಿದೆ. ದಕ್ಷಿಣ ಆಫ್ರಿಕಾದ ಸ್ಯಾನ್ ಜನ ಬೇಟೆಗೆ ಹೋದಾಗ ಹಸಿವು ತಡೆಯಲು ಹೂಡಿಯಾ ಎಂಬ ಗಿಡವನ್ನು ಜಗಿಯುತ್ತಿದ್ದರು. ಅವರನ್ನು ಕೇಳದೆ ಅಲ್ಲಿನ ಸರ್ಕಾರಿ ಸಂಶೋಧನಾ ಸಂಸ್ಥೆ ಪೇಟೆಂಟ್ ಪಡೆದಿತ್ತು. ಪ್ರತಿಭಟನೆಯ ನಂತರ 2003ರಲ್ಲಿ ರಾಯಧನದ ಶೇ 6ರಷ್ಟನ್ನು ಸ್ಯಾನ್ ಜನರಿಗೆ ಕೊಡುವ ಒಪ್ಪಂದವಾಯಿತು. ಕೇರಳದ ಕಾಣಿ ಬುಡಕಟ್ಟಿನವರು ತೋರಿಸಿದ ಆರೋಗ್ಯಪಚ್ಚ ಗಿಡದಿಂದ ‘ಜೀವನಿ’ ಔಷಧ ತಯಾರಾದಾಗ, ಅದರ ಸಂಶೋಧನಾ ಸಂಸ್ಥೆ ತನಗೆ ಬಂದ ಹಣದಲ್ಲಿ ಅರ್ಧವನ್ನು ಕಾಣಿಗಳಿಗೆ ಮೀಸಲಿಟ್ಟಿತು. ನಮ್ಮಲ್ಲಿ 2002ರ ಜೀವವೈವಿಧ್ಯ ಕಾಯ್ದೆ ಇದೆ. ಸಸ್ಯ ಮತ್ತಿತರ ಜೈವಿಕ ಸಂಪತ್ತು, ಅದಕ್ಕಂಟಿದ ಸಾಂಪ್ರದಾಯಿಕ ಜ್ಞಾನಗಳ ಪೇಟೆಂಟ್ ಕುರಿತು 2024ರ ಮೇ ತಿಂಗಳಲ್ಲಿ ಅಂತರರಾಷ್ಟ್ರೀಯ ಒಪ್ಪಂದವೂ ಆಗಿದೆ.

ಇವೆಲ್ಲ ಎಲೆ, ಬೇರು, ಬೀಜಗಳಿಗೆ ಅನ್ವಯಿಸುತ್ತವೆ. ತಾಳಕ್ಕೆ, ಹಾಜ್ರಿಗೆ, ಮಾಯಿ ಮಿಶ್ರಾಳ ಗಿಲಕಿಗೆ ಇಂಥ ರಕ್ಷಣೆ ಇಲ್ಲ. ಗೋಮಾದ ಧ್ವನಿಯನ್ನು ಮುದ್ರಿಸಿಕೊಂಡು ಮಾರುವವರು ರತನಪುರದ ಮನೆಗಳಿಗೆ ಏನನ್ನೂ ಕೊಡಬೇಕಿಲ್ಲ. ಅದಕ್ಕಿಂತ ನೋವಿನ ವಿಷಯವೊಂದಿದೆ. ಗುಜರಾತಿನಲ್ಲಿ ಸಿದ್ದಿಗಳಿಗೆ ಪರಿಶಿಷ್ಟ ಪಂಗಡದ ಮಾನ್ಯತೆ ಇರುವುದು ಸೌರಾಷ್ಟ್ರದ ಜಿಲ್ಲೆಗಳಲ್ಲಿ. ಬಾವಾ ಗೋರ್ ದರ್ಗಾ ಇರುವ ಭರೂಚ್ ಜಿಲ್ಲೆ ಆ ಪಟ್ಟಿಯಲ್ಲಿ ಇಲ್ಲ. ಅಂದರೆ ಜಗತ್ತು ನೋಡಲು ಬರುವ ಪರಂಪರೆಯ ಮೂಲ ಪೀಠವನ್ನು ಕಾಯುವ ಮನೆಗಳ ಮಕ್ಕಳಿಗೆ, ಸೌರಾಷ್ಟ್ರದ ಜಾಂಬೂರಿನ ಸಿದ್ದಿ ಮಕ್ಕಳಿಗೆ ಸಿಗುವ ಮೀಸಲಾತಿ ಸಿಗುವುದಿಲ್ಲ. ಅದೇ ಜಾಂಬೂರಿನ ಹೀರಾಬಾಯಿ ಲೋಬಿ ಸಿದ್ದಿ ಹೆಣ್ಣುಮಕ್ಕಳ ಉಳಿತಾಯ ಮತ್ತು ಶಿಕ್ಷಣಕ್ಕಾಗಿ ದುಡಿದು 2023ರಲ್ಲಿ ಪದ್ಮಶ್ರೀ ಪಡೆದರು. ಹಕ್ಕು ಸಿಕ್ಕ ಕಡೆ ಈ ಸಮುದಾಯ ಏನು ಮಾಡಬಲ್ಲದು ಎಂಬುದಕ್ಕೆ ಅವರೇ ಸಾಕ್ಷಿ.

ಕರ್ನಾಟಕದ ದಾರಿಯೂ ಸುಲಭವಾಗಿರಲಿಲ್ಲ. ಉತ್ತರ ಕನ್ನಡದ ಸಿದ್ದಿಗಳ ಬಗ್ಗೆ ಟಿ.ಸಿ. ಪಾಲಾಕ್ಷಪ್ಪ 1976ರಲ್ಲೇ ಪುಸ್ತಕ ಬರೆದಿದ್ದರೂ ಆ ಸಮುದಾಯಕ್ಕೆ ಪರಿಶಿಷ್ಟ ಪಂಗಡದ ಮಾನ್ಯತೆ ಸಿಕ್ಕಿದ್ದು 2003ರಲ್ಲಿ; ಧಾರವಾಡ, ಬೆಳಗಾವಿ ಜಿಲ್ಲೆಗಳವರಿಗೆ 2020ರಲ್ಲಿ. ಅದೇ 2020ರಲ್ಲಿ ಶಾಂತಾರಾಮ ಸಿದ್ದಿ ವಿಧಾನ ಪರಿಷತ್ತಿನ ಸದಸ್ಯರಾದರು. ಇಲ್ಲಿನ ಸಿದ್ದಿಗಳಲ್ಲಿ ಹಿಂದೂಗಳು, ಮುಸ್ಲಿಮರು, ಕ್ರೈಸ್ತರು ಮೂವರೂ ಇದ್ದಾರೆ. ಡಮಾಮಿ ಡೋಲಿನ ಬಡಿತ ಮೂವರದ್ದೂ. ಮನೆಯ ಮೂಲೆಯಲ್ಲಿ ತೆಂಗಿನಕಾಯಿ ಇಟ್ಟು ಹಿರಿಯರನ್ನು ನೆನೆಯುವುದು, ಮನೆಯಲ್ಲಿ ಕಾಯಿಲೆ ಕಸಾಲೆ ಬಂದರೆ ಹಿರಿಯರಿಗೆ ಏನು ಕಡಿಮೆಯಾಯಿತು ಎಂದು ಕೇಳಿಕೊಳ್ಳುವುದು ಇಂದಿಗೂ ಉಳಿದಿದೆ. ಘಾನಾ ಮೂಲದ ವಿದ್ವಾಂಸ ಪಾಶಿಂಗ್ಟನ್ ಒಬೆಂಗ್ ಈ ಮನೆಗಳಲ್ಲಿ ಕೂತು ಅಧ್ಯಯನ ಮಾಡಿದ್ದಾರೆ. ಆಫ್ರಿಕಾದವರು ಬಂದು ನಮ್ಮ ಘಟ್ಟದ ಮೇಲೆ ತಮ್ಮ ನೆಂಟರನ್ನು ಹುಡುಕುವಾಗ, ಆ ನೆಂಟರ ಪಕ್ಕದಲ್ಲೇ ಬದುಕುವ ನಾವು ಅವರನ್ನು ಅರಿಯದೆ ಇರುವುದು ಸರಿಯಲ್ಲ.

ನಂಬಿಕೆಯ ಆಚರಣೆಯೊಂದು ದಿಢೀರನೆ ಜಗತ್ತಿನ ಕಣ್ಣಿಗೆ ಬಿದ್ದರೆ ಏನಾಗುತ್ತದೆ ಎಂಬುದನ್ನು ಕನ್ನಡಿಗರು ಇತ್ತೀಚೆಗೆ ಹತ್ತಿರದಿಂದ ಕಂಡಿದ್ದಾರೆ. 2022ರಲ್ಲಿ ಕಾಂತಾರ ಸಿನಿಮಾ ಬಂದ ಮೇಲೆ ತುಳುನಾಡಿನ ದೈವಾರಾಧನೆ ದೇಶದ ಮನೆಮಾತಾಯಿತು. ಅದೇ ವರ್ಷದ ಅಕ್ಟೋಬರಿನಲ್ಲಿ ರಾಜ್ಯ ಸರ್ಕಾರ 60 ವರ್ಷ ದಾಟಿದ ದೈವ ನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಮಾಸಾಶನ ಘೋಷಿಸಿತು. ಮೊತ್ತ ಚಿಕ್ಕದಾದರೂ ಫಲ ಮೂಲಕ್ಕೆ ಮರಳಬೇಕು ಎಂಬ ತತ್ವ ಅದರಲ್ಲಿದೆ. ಇನ್ನೊಂದೆಡೆ ದೈವದ ವೇಷ ಹಾಕಿಕೊಂಡು ವೇದಿಕೆಗಳಲ್ಲಿ, ಚಿತ್ರಮಂದಿರಗಳಲ್ಲಿ ಕುಣಿಯುವವರು ಹೆಚ್ಚಿದರು. ದೈವಾರಾಧಕರು ನೊಂದು ಹಾಗೆ ಮಾಡಬೇಡಿ ಎಂದು ಕೇಳಿಕೊಳ್ಳಬೇಕಾಯಿತು. ಯಾವುದನ್ನು ತೋರಿಸಬಹುದು, ಯಾವುದು ಅಂಗಳ ದಾಟಬಾರದು ಎಂದು ಹೇಳುವ ಹಕ್ಕು ಆ ಅಂಗಳದವರದ್ದು. ರತನಪುರಕ್ಕೂ, ಯಲ್ಲಾಪುರಕ್ಕೂ, ಮಲಾವಿಗೂ ಇದು ಸಲ್ಲುತ್ತದೆ.

ಸಾಂಪ್ರದಾಯಿಕ ವೈದ್ಯಕ್ಕೆ ಮೀಸಲಾದ ವಿಶ್ವ ಆರೋಗ್ಯ ಸಂಸ್ಥೆಯ ಜಾಗತಿಕ ಕೇಂದ್ರವನ್ನು 2022ರಲ್ಲಿ ಗುಜರಾತಿನ ಜಾಮನಗರದಲ್ಲೇ ಸ್ಥಾಪಿಸಲಾಯಿತು. ಅದರ ಮೊದಲ ಜಾಗತಿಕ ಶೃಂಗಸಭೆ 2023ರ ಆಗಸ್ಟ್‌ನಲ್ಲಿ ಗಾಂಧಿನಗರದಲ್ಲಿ ನಡೆಯಿತು. ಆ ಜಾಮನಗರದಲ್ಲೂ ಸಿದ್ದಿಗಳ ಮನೆಗಳಿವೆ. ಆಯುರ್ವೇದ, ಯುನಾನಿಗಳಂತೆ ಶಾಸ್ತ್ರಗ್ರಂಥಗಳಿರುವ ಪದ್ಧತಿಗಳ ಪಕ್ಕದಲ್ಲಿ, ಪುಸ್ತಕವಿಲ್ಲದ, ಡೋಲಿನಲ್ಲೇ ಉಳಿದ ಗೋಮಾಕ್ಕೂ ಅಲ್ಲಿ ಒಂದು ಮಣೆ ಸಿಗಬೇಕು. ಆ ಮಣೆಯ ಮೇಲೆ ಅವರ ಪರವಾಗಿ ಮಾತನಾಡುವ ವಿದ್ವಾಂಸರ ಬದಲು ರತನಪುರದ, ಜಾಂಬೂರಿನ ಸಿದ್ದಿ ಹೆಂಗಸರು, ಗಂಡಸರೇ ಕೂರಬೇಕು. ದಕ್ಷಿಣ ಆಫ್ರಿಕಾ 2007ರ ಕಾಯ್ದೆಯಲ್ಲಿ ತನ್ನ ಸಂಗೋಮಾಗಳನ್ನು, ಅಂದರೆ ಹಿರಿಯರ ಆತ್ಮಗಳೊಂದಿಗೆ ಮಾತಾಡಿ ಗುಣಪಡಿಸುವವರನ್ನು, ವೃತ್ತಿಪರರೆಂದು ಗುರುತಿಸಿ ನೋಂದಣಿಗೆ, ಹೊಣೆಗಾರಿಕೆಗೆ ಒಳಪಡಿಸಲು ಹೊರಟಿತು. ಗೌರವದ ಜೊತೆಗೇ ಜವಾಬ್ದಾರಿ ಎಂಬ ಆ ಕ್ರಮ ನಮಗೂ ಬೇಕು.

ಹೀಗಾಗಿ ಯಾವುದೇ ಹಂಚಿಕೆಯನ್ನು ಮೂರು ಪ್ರಶ್ನೆ ಕೇಳಿ ಅಳೆಯಬಹುದು. ಯಾವುದು ಹೊರಗೆ ಹೋಗಬೇಕೆಂದು ತೀರ್ಮಾನಿಸಿದವರು ಆ ಸಮುದಾಯದವರೇ? ಅಲ್ಲಿಗೆ ಬಂದ ಕಾಯಿಲೆಯವರಿಗೆ ಸ್ವಾತಂತ್ರ್ಯವೂ ಔಷಧಿಯೂ ಸಿಗುತ್ತಿದೆಯೇ? ಬಂದ ಹೆಸರು, ಹಣ, ಹಕ್ಕು ಡೋಲು ಹಿಡಿದವರ ಮನೆಗೆ ಮುಟ್ಟುತ್ತಿದೆಯೇ? ಮೂರಕ್ಕೂ ಹೌದು ಎನ್ನುವಂತಿದ್ದರೆ ಜಗತ್ತು ಬಂದು ಕಲಿಯಲಿ. ಒಂಟಿತನದಲ್ಲಿ ಕೊರಗುವ ನಗರಗಳಿಗೆ ಈ ಪರಂಪರೆ ಕೊಡಬಲ್ಲದ್ದು ಬಹಳಷ್ಟಿದೆ.

ಕೊಯಾಲಿ, ವಡೋದರಾ, ಸೂರತ್‌ಗಳಲ್ಲಿರುವ ಕನ್ನಡದವರು ಇದನ್ನು ತಮ್ಮಿಂದಲೇ ಶುರುಮಾಡಬಹುದು. ರತನಪುರಕ್ಕೆ ಹೋದರೆ ಹಾಜ್ರಿಯಲ್ಲಿರುವವರತ್ತ ಮೊಬೈಲ್ ಎತ್ತಬೇಡಿ. ಅದು ಒಂದು ಮನೆಯ ಸಂಕಟ. ನಿಮ್ಮವರನ್ನೇ ಕರೆದೊಯ್ದಿದ್ದರೆ ಡಾಕ್ಟರು ಬರೆದ ಮಾತ್ರೆಯನ್ನು ಒಂದು ದಿನವೂ ತಪ್ಪಿಸಬೇಡಿ. ಗೋಮಾ ತಂಡವನ್ನು ನಿಮ್ಮ ಸಂಘದ ರಾಜ್ಯೋತ್ಸವಕ್ಕೆ ಕರೆದರೆ ತಕ್ಕ ಸಂಭಾವನೆ ಕೊಡಿ, ಯಲ್ಲಾಪುರದ ಡಮಾಮಿಯವರನ್ನೂ ಕರೆದು ಒಂದೇ ವೇದಿಕೆಯಲ್ಲಿ ಕೂರಿಸಿ. ಭರೂಚ್ ಜಿಲ್ಲೆಯ ಸಿದ್ದಿಗಳಿಗೂ ಪರಿಶಿಷ್ಟ ಪಂಗಡದ ಮಾನ್ಯತೆ ಸಿಗಲಿ, ಉನಾವಾದಲ್ಲಿರುವಂತೆ ಬಾವಾ ಗೋರ್ ಗುಡ್ಡದ ಬಳಿಯೂ ಮನೋವೈದ್ಯರು ಕೂರಲಿ ಎಂದು ಆಯ್ಕೆಯಾದ ಪ್ರತಿನಿಧಿಗಳನ್ನು ಕೇಳಿ. ಆಫ್ರಿಕಾದಿಂದ ಬಂದವರು ಇಲ್ಲಿನ ಲಕ್ಷಾಂತರ ಜನರ ನೋವಿಗೆ ಶತಮಾನಗಳಿಂದ ಕಿವಿಗೊಟ್ಟಿದ್ದಾರೆ. ಅವರ ಬೇಡಿಕೆಗೆ ಕಿವಿಗೊಡುವುದು ಈಗ ನಮ್ಮ ಕರ್ತವ್ಯ.